ಎಂಬತ್ತನೇ ಕಂತಿನ ಅತ್ತೆ

ಕೊರಿಯಾದ ಸೋಲ್ ನಗರದ ನಮ್ಮ ಬೀದಿಯ ಸಾರ್ವಜನಿಕ ಸ್ನಾನದ ಮನೆಯಲ್ಲಿ, ಬಿಸಿನೀರಿನ ತೊಟ್ಟಿಯಲ್ಲಿ ಕೂತು ನನ್ನ ಸರದಿಗೆ ಕಾಯುತ್ತಿದ್ದೆ. ಮೈ ಉಜ್ಜುವ ಮಂಚದ ಮೇಲೆ ಬೋರಲು ಮಲಗಿದ್ದವಳು ನಟಿ ಓಕ್ಜು, ಬೆಳಗಿನ ಧಾರಾವಾಹಿಯ ಕೆಟ್ಟ ಅತ್ತೆ.

"ಸೊಸೆಗೆ ಹಂಗಾ ಹೊಡಿಯೋದು?" ಉಜ್ಜುವಾಕೆ ಅವಳ ಬೆನ್ನಿಗೊಂದು ಬಾರಿಸಿದಳು.

"ಇನ್ನು ಹೊಡಿಯಲ್ಲ ಅಕ್ಕಾ. ಎಂಬತ್ತನೇ ಕಂತಲ್ಲಿ ನನ್ನ ಕಾರಿಗೆ ಲಾರಿ ಗುದ್ದುತ್ತೆ."

"ಅಯ್ಯೋ, ಸಾಯ್ತೀಯಾ?"

"ಕತೆ ಬರೆಯೋಳು ಮೊದ್ಲು ಸಾಯ್ಸಿದ್ಳು. ಅವಳ ಮನೆ ಬಾಗಿಲಲ್ಲೇ ಕೂತೆ. ಕೊನೆಗೆ, ಪ್ರಜ್ಞೆ ಇಲ್ದೆ ಆಸ್ಪತ್ರೇಲಿ ಬಿದ್ದಿರು ಅಂದ್ಳು."

"ಅದರ ಬದ್ಲು ಅಮೆರಿಕಕ್ಕೆ ಕಳ್ಸು ಅನ್ನೋದಲ್ವಾ? ಧಾರಾವಾಹೀಲಿ ಬೇಡಾದೋರನ್ನೆಲ್ಲ ಅಲ್ಲಿಗೇ ತಾನೇ ಕಳ್ಸೋದು!"

"ಅಲ್ಲಿಗೆ ಹೋದೋರನ್ನ ಯಾರು ತೋರಿಸ್ತಾರೆ? ಮಂಚದ ಮೇಲಿದ್ರೆ ದಿನಾ ಕಾಣಿಸ್ತೀನಿ."

"ಮಾತಿದ್ಯಾ?"

"ಒಂದೂ ಇಲ್ಲ."

"ಇಪ್ಪತ್ತೇಳು ವರ್ಷದ ಹಿಂದೆ ಹೆಣದ ಪಾರ್ಟಲ್ಲಿ ಶುರು ಮಾಡ್ದೋಳು ನೀನು. ಮತ್ತೆ ಅಲ್ಲಿಗೇ ಬಂದ್ಯಲ್ಲೇ!"

"ಆಗ ಮುಖಕ್ಕೆ ಬಟ್ಟೆ ಮುಚ್ಚಿದ್ರು. ಈಗ ಮುಖ ಕಾಣುತ್ತೆ."

ಹೊರಳು ಎಂಬಂತೆ ಉಜ್ಜುವಾಕೆ ಭುಜ ತಟ್ಟಿದಳು. ಓಕ್ಜು ಮಗ್ಗುಲಾದಳು.

"ಸುಮ್ನೆ ಮಲಗಿ ಏನ್ಮಾಡ್ತೀಯ?"

"ಸೊಸೆ ಬಂದು ಕಾಲು ಹಿಡ್ಕೊಂಡು ಅಳ್ತಾಳಲ್ಲ, ಆಗ ಒಂದು ಬೆರಳು ಅಲ್ಲಾಡಿಸ್ತೀನಿ. ನೋಡಿದೋರು, ಅತ್ತೆ ಯಾವಾಗ ಏಳ್ತಾಳೆ ಅಂತ ಕೇಳ್ದೆ ಬಿಡ್ತಾರಾ?"

"ಅದನ್ನೂ ಅವಳೇ ಬರೆದಿದ್ದಾಳಾ?"

"ಇಲ್ಲ."

ಉಜ್ಜುವಾಕೆ ಒಂದು ಬಕೆಟ್ ನೀರು ಸುರಿದಳು. ಓಕ್ಜು ಎದ್ದು ತಲೆಗೆ ಟವೆಲ್ ಸುತ್ತಿಕೊಂಡು ಬಾಗಿಲಿನತ್ತ ನಡೆದಳು.

"ಎಡಿಟಿಂಗಲ್ಲಿ ಆ ಬೆರಳನ್ನ ಕತ್ತರಿಸಿ ಹಾಕಿದ್ರೆ?" ಉಜ್ಜುವಾಕೆ ಹಿಂದಿನಿಂದ ಕೂಗಿದಳು.

"ಹಾಕ್ಲಿ. ಮಾರನೇ ದಿನ ಇನ್ನೊಂದು ಅಲ್ಲಾಡಿಸ್ತೀನಿ. ಹತ್ತು ಬೆರಳಿದಾವೆ ಅಕ್ಕಾ!"