ಬಾಕಿ ಉಳಿದ ಲಾಟೀನು

ಪುರುಲಿಯಾ ಕೋರ್ಟಿನ ಜಗಲಿಯಲ್ಲಿ ಟೈಪು ಮಾಡುತ್ತಿದ್ದ ಮಿನತಿಯ ಬೆರಳುಗಳು ಮಾತು ಕಿವಿಗೆ ಬಿದ್ದು ನಿಂತವು. ಪಕ್ಕದ ಬೆಂಚಿನಲ್ಲಿ ರೈಲ್ವೆ ಬಜಾರಿನ ಇಬ್ಬರು ಮುದುಕರು: ಮಿಠಾಯಿಯ ನೇಪಾಲ, ತಗಡು ಕೆಲಸದ ಹರಾಧನ.

"ಹರಾಧನ ದಾದಾ, ನಿಮ್ಮ ಅಂಗಡಿ ಲೈಸೆನ್ಸ್ ಯಾಕೆ ರಿನ್ಯೂ ಮಾಡಲ್ವಂತೆ?" ನೇಪಾಲ ಕೇಳಿದ.

"ಅಪ್ಪನ ಕಾಲದ ಕಾಗದದಲ್ಲಿ ‘ಲಾಟೀನು ರಿಪೇರಿ’ ಅಂತಿದೆ. ಈಗ ಲಾಟೀನೇ ಇಲ್ಲ, ಅಂಗಡಿ ಯಾಕೆ ಅಂತಾರೆ ರೈಲ್ವೆಯವರು."

"ಆಗ ನಿಮ್ಮಪ್ಪನ ಮುಂದೆ ರೈಲು ಗಾರ್ಡುಗಳು ಲಾಟೀನು ಹಿಡಿದು ಸಾಲು ನಿಲ್ತಿದ್ರು!"

"ಕೊನೇಲಿ ಬಂದೋರು ಗಾರ್ಡ್ ಸಾನ್ಯಾಲ್ ಬಾಬು. ‘ಬರೋ ಗಾಡೀಲಿ ಬಂದು ಒಯ್ತೀನಿ’ ಅಂದು ಲಾಟೀನು ಕೊಟ್ಟುಹೋದ್ರು. ಅಷ್ಟರಲ್ಲಿ ಉಗಿಗಾಡಿಯೇ ನಿಂತುಹೋಯ್ತು."

"ಆ ಲಾಟೀನು?"

"ಚೀಲದಲ್ಲಿದೆ. ಇವತ್ತೂ ಬತ್ತಿ ಬದಲಾಯಿಸಿದೆ."

"ಅಯ್ಯೋ ಹುಚ್ಚಪ್ಪಾ! ಜಡ್ಜ್ ಸಾಹೇಬ್ರಿಗೆ ಏನಂತೀರಿ?"

ಜವಾನ ಹೆಸರು ಕೂಗಿದ. ಹರಾಧನ ಚೀಲ ಎದೆಗವಚಿಕೊಂಡು ಎದ್ದ.

"ಗಿರಾಕಿ ಇನ್ನೂ ಬಂದಿಲ್ಲ, ಅಂಗಡಿ ಹೇಗೆ ಮುಚ್ಚಲಿ ಅಂತೀನಿ."