ಮಾಳಗಿಯ ಮೇಲೆ ಅರವತ್ತೆರಡು ಮಂದಿ

ಅಧ್ಯಕ್ಷತೆ ವಹಿಸಿರುವ ನಿವೃತ್ತ ಮುಖ್ಯಾಧ್ಯಾಪಕ ಮಡಿವಾಳೆಪ್ಪನವರೇ, ಅರವತ್ತು ತುಂಬಿದ್ದಕ್ಕಾಗಿ ಇಂದು ಸನ್ಮಾನಗೊಂಡಿರುವ ವರ್ತಕ ಶಂಕ್ರಪ್ಪನವರೇ, ವೇದಿಕೆಯ ಮೇಲಿನ ಗಣ್ಯರೇ, ಅಣ್ಣಿಗೇರಿಯ ಸಭಿಕರೇ,

ಈಗ ಸಂಜೆ ಆರು ಗಂಟೆ ಹತ್ತು ನಿಮಿಷ. ಈ ವೇದಿಕೆಯ ಎದುರಿಗೆ ಶಂಕ್ರಪ್ಪನವರ ಹಳೆಯ ಮನೆ ಇದೆ. ಅದರ ಮಣ್ಣಿನ ಮಾಳಗಿಯ ಮೇಲೆ ಅರವತ್ತೆರಡು ಮಂದಿ ಹೆಣ್ಣುಮಕ್ಕಳು ಕುಳಿತು ಸಮಾರಂಭ ನೋಡುತ್ತಿದ್ದಾರೆ. ಕಂಕುಳ ಕೂಸುಗಳನ್ನು ಲೆಕ್ಕಕ್ಕೆ ಹಿಡಿದಿಲ್ಲ. ಎಣಿಸಿದವನು ನಾನು, ಇಪ್ಪತ್ತು ವರ್ಷಗಳಿಂದ ಈ ಊರಿನ ಸುದ್ದಿಯನ್ನು ದಿನಪತ್ರಿಕೆಗೆ ಕಳಿಸುತ್ತಿರುವ ನಿಮ್ಮ ವರದಿಗಾರ. ಎರಡು ಸಲ ಎಣಿಸಿದ್ದೇನೆ.

ಇದರಲ್ಲೇನು ವಿಶೇಷ ಎಂದು ನೀವು ಕೇಳಬಹುದು. ನಮ್ಮೂರಿನಲ್ಲಿ ಯಾವ ಸಮಾರಂಭವಿದ್ದರೂ ಹೆಣ್ಣುಮಕ್ಕಳು ಮಾಳಗಿ ಹತ್ತಿಯೇ ನೋಡುವುದು. ವಿಶೇಷ ಇಷ್ಟೇ. ಕಳೆದ ವರ್ಷ, ಎಂಬತ್ಮೂರರ ಆಗಸ್ಟಿನಲ್ಲಿ, ನವಲಗುಂದದ ಮುನ್ಸೀಫ್ ಕೋರ್ಟಿನಲ್ಲಿ, ಶಂಕ್ರಪ್ಪನವರು ಪ್ರಮಾಣ ಮಾಡಿ ಹೇಳಿದ್ದಾರೆ: ಈ ಮಾಳಗಿಯ ತೊಲೆಗಳನ್ನು ಗೆದ್ದಲು ತಿಂದಿದೆ, ಬೆಕ್ಕು ನಡೆದರೂ ಮಣ್ಣು ಉದುರುತ್ತದೆ, ಕೆಡವಿ ಕಟ್ಟದೆ ಬೇರೆ ದಾರಿಯಿಲ್ಲ. ಆದ್ದರಿಂದ ಕೆಳಗೆ ಇಪ್ಪತ್ತಾರು ವರ್ಷಗಳಿಂದ ಬಳೆ ಅಂಗಡಿ ಇಟ್ಟುಕೊಂಡು, ಅದರ ಹಿಂದಿನ ಕೋಣೆಯಲ್ಲೇ ಬಾಳುತ್ತಿರುವ ಹಸನಬಿಯಿಂದ ಜಾಗ ಬಿಡಿಸಿಕೊಡಬೇಕು.

ಬಾಡಿಗೆದಾರರನ್ನು ಮನಬಂದಂತೆ ಹೊರಹಾಕಲು ಬಾಡಿಗೆ ನಿಯಂತ್ರಣ ಕಾಯಿದೆ ಒಪ್ಪುವುದಿಲ್ಲ. ಕೆಡವಿ ಕಟ್ಟುತ್ತೇನೆಂದು ತೋರಿಸಿದರೆ ಒಪ್ಪುತ್ತದೆ. ಇದು ಹುಬ್ಬಳ್ಳಿ–ಗದಗ ರಸ್ತೆಯ ಬಾಜು ಇರುವ ಜಾಗ, ದೊಡ್ಡ ಬಟ್ಟೆ ಅಂಗಡಿಯವರು ಕಣ್ಣಿಟ್ಟ ಜಾಗ. ಇಂಥ ಜಾಗದ ಮನೆಗಳೇ ಏಕೆ ಮೊದಲು ಶಿಥಿಲವಾಗುತ್ತವೆ? ಒಳಗಿನ ಓಣಿಯ ಮನೆಗಳನ್ನು ಗೆದ್ದಲು ಏಕೆ ಮುಟ್ಟುವುದಿಲ್ಲ?

ಬೆಕ್ಕಿನ ಭಾರ ತಾಳದ ಮಾಳಗಿಯ ಮೇಲೆ ಮುಂದಿನ ಸಾಲಿನಲ್ಲಿ ಕುಳಿತವರು ನೀಲಕ್ಕನವರು, ಶಂಕ್ರಪ್ಪನವರ ಧರ್ಮಪತ್ನಿ. ಪತಿ ಕೋರ್ಟಿನಲ್ಲಿ ಮಾಡಿದ ಪ್ರಮಾಣವನ್ನು ಅವರು ಎಷ್ಟು ನಂಬಿದ್ದಾರೆಂದು ನಾನು ಹೇಳಬೇಕೆ?

ಸಭೆಗೆ ಮೊದಲು ಅವರ ಮಗ ಈರಪ್ಪ ಅಲ್ಲಿ ಜಮಖಾನೆ ಹಾಸಿಸುತ್ತಿದ್ದ. ಇಷ್ಟು ಜನಕ್ಕೆ ಮಾಳಗಿ ತಡೆದೀತೇ ಎಂದು ವಿಚಾರಿಸಿದೆ. ಅವನು ನಕ್ಕ.

"ಆನಿ ನಿಂದರ್ಸಿದ್ರೂ ಜಗ್ಗೂದಿಲ್ಲ ತಗೋರಿ ಕಾಕಾ. ನಮ್ಮಜ್ಜ ಹಾಕಿಸಿದ ಸಾಗವಾನಿ ತೊಲಿ, ಅಗದಿ ಘಟ್ಟಿ ಅದಾವು."

ವೇದಿಕೆ ಕಟ್ಟುತ್ತಿದ್ದ ನಾಲ್ವರು ಈ ಮಾತು ಕೇಳಿದ್ದಾರೆ. ಅವರ ಹೆಸರು ಬರೆದುಕೊಂಡಿದ್ದೇನೆ. ಈರಪ್ಪಾ, ಈಗ ಕೈಸನ್ನೆ ಮಾಡಿ ಹೆಣ್ಣುಮಕ್ಕಳನ್ನು ಇಳಿಸಬೇಡ. ನೀವು ಕರೆಸಿದ ಫೋಟೋಗ್ರಾಫರ್ ಶರೀಫಸಾಬ ಆಗಲೇ ಫೋಟೋ ತೆಗೆದಿದ್ದಾನೆ, ಅದೂ ನಿಮ್ಮದೇ ಖರ್ಚಿನಲ್ಲಿ. ತಾಯಂದಿರೇ, ಕುಳಿತೇ ಇರಿ. ಚಹಾ ಮೇಲಕ್ಕೇ ಬರುತ್ತದೆ.

ಶಂಕ್ರಪ್ಪನವರೊಬ್ಬರನ್ನೇ ಹಳಿದು ಕುಳಿತರೆ ವರದಿ ಅರ್ಧವಾಗುತ್ತದೆ. ಕೋರ್ಟಿಗೆ ಅವರು ಹಾಜರುಪಡಿಸಿದ ಮೊದಲ ಕಾಗದ ಯಾವುದು? ಪತ್ರಿಕೆಯ ಒಂದು ತುಣುಕು. 'ಅಣ್ಣಿಗೇರಿ: ಶಿಥಿಲ ಮಾಳಗಿ, ಜನರಲ್ಲಿ ಆತಂಕ.' ಬರೆದವರು ಯಾರು? ನಾನು. ಎಲ್ಲಿ ಕುಳಿತು ಬರೆದೆ? ಶಂಕ್ರಪ್ಪನವರ ಕಟ್ಟೆಯ ಮೇಲೆ, ಅವರು ಹೇಳುತ್ತ ಹೋದಂತೆ, ಅವರ ಮನೆಯ ಗಿರಮಿಟ್ಟು ತಿನ್ನುತ್ತ. ಆತಂಕಗೊಂಡ ಜನ ಯಾರು? ಅವರೊಬ್ಬರೇ.

ನಾನೂ ಅವರ ಬಾಡಿಗೆದಾರ, ಹಿತ್ತಿಲ ಮನೆಯಲ್ಲಿದ್ದೇನೆ. ಆ ವರ್ಷ ಉಳಿದವರ ಬಾಡಿಗೆ ಏರಿತು, ನನ್ನದು ಏರಲಿಲ್ಲ. ಅದು ಇಲ್ಲಿ ಅಪ್ರಸ್ತುತ. ಅಪ್ರಸ್ತುತವೆಂದು ನನ್ನ ಹೆಂಡತಿಗೂ ಹೇಳಿದ್ದೆ. ಅವಳು ಒಂದೇ ಮಾತು ನೆನಪಿಸಿದಳು. ನಮ್ಮ ಮಗಳ ಮದುವೆಯಲ್ಲಿ ಹಸಿರು ಬಳೆ ಇಡಿಸಿದವಳು ಹಸನಬಿ.

ಆ ತುಣುಕನ್ನು ಕೋರ್ಟಿನಲ್ಲಿ ಓದಿದ ದಿನ ಸುದ್ದಿ ಬರೆಯಲು ನಾನೂ ಹೋಗಿದ್ದೆ. ಹೊರಗೆ ಬೇವಿನ ಗಿಡದ ಕೆಳಗೆ ಹಸನಬಿ ಹತ್ತಿರ ಬಂದಳು. ಬೈಯುತ್ತಾಳೆ ಎಂದುಕೊಂಡೆ. ಬೈದಿದ್ದರೆ ಸುಲಭವಿತ್ತು.

"ಅಣ್ಣಾರ, ಬರಿಯೂಕಿಂತ ಮೊದಲ ನೀವು ಮ್ಯಾಲ ಹತ್ತಿ ನೋಡಿದ್ರೇನ್ರಿ?"

ಏಳು ತಿಂಗಳು ನಾನು ಮೇಲೆ ಹತ್ತಲಿಲ್ಲ. ಶಂಕ್ರಪ್ಪನವರ ಜಾಣತನವನ್ನು ಹೀಯಾಳಿಸುವುದು ಸುಲಭ. ಆ ಜಾಣತನಕ್ಕೆ ಕಾಗದ ಒದಗಿಸಿದವನನ್ನು ಏನೆನ್ನಬೇಕು?

ಇಂದು ಮಧ್ಯಾಹ್ನ ಹತ್ತಿ ನೋಡಿದೆ. ಮೇಲೆ ಶಂಕ್ರಪ್ಪನವರದೇ ಮೆಣಸಿನಕಾಯಿ ಒಣಗುತ್ತಿತ್ತು, ಜಮಖಾನೆಗಾಗಿ ಮೂಲೆಗೆ ಸರಿಸಿದ್ದರು. ಕೆಳಗಿಳಿದು ಹದಿಮೂರು ತೊಲೆಗೂ ಚಾಕು ಚುಚ್ಚಿ ನೋಡಿದೆ. ಚಾಕಿನ ತುದಿ ಮುರಿಯಿತು. ಇದೀಗ ಭಾಷಣಕ್ಕೆ ಏಳುವ ಮುನ್ನ ಮತ್ತೊಮ್ಮೆ ಅಂಗಡಿಗೆ ಹೋಗಿ ಬಂದೆ. ಅರವತ್ತೆರಡು ಮಂದಿಯ ಕೆಳಗೆ ಗಾಜಿನ ಬಳೆ ಒಂದೂ ಒಡೆದಿಲ್ಲ.

ಮಾಳಗಿ ಗಟ್ಟಿಯಿದೆಯೆಂಬ ತಿದ್ದುಪಡಿಯನ್ನು ಪತ್ರಿಕೆಗೆ ಬರೆದು ಮಧ್ಯಾಹ್ನದ ಟಪಾಲಿಗೆ ಹಾಕಿದ್ದೇನೆ. ಮಾತಿಗೆ ಕರೆದ ಅಭಿನಂದನಾ ಸಮಿತಿಗೆ, ತಾಳ್ಮೆಯಿಂದ ಕೇಳಿದ ನಿಮಗೆ ಕೃತಜ್ಞತೆಗಳು. ನನಗೆ ಹೊದಿಸಿದ ಶಾಲು ಕುರ್ಚಿಯ ಮೇಲಿದೆ. ಬರುವ ಸೋಮವಾರ, ಮಾರ್ಚ್ ಹನ್ನೆರಡು, ಬೆಳಿಗ್ಗೆ ಹನ್ನೊಂದಕ್ಕೆ ನವಲಗುಂದದಲ್ಲಿ ಪ್ರಕರಣದ ವಿಚಾರಣೆ ಇದೆ. ಹಸನಬಿಯವರ ಪರ ಮೊದಲ ಸಾಕ್ಷಿ ಅವರೇ, ಎರಡನೆಯ ಸಾಕ್ಷಿ ನಾನು. ನಮಸ್ಕಾರ.