ಛತ್ರದ ಮೂಲೆಮೇಜು

ದೀಪ ಬೇಕಾದರೆ ಉರಿಯಲಿ. ಆದರೆ ಮಧ್ಯದಲ್ಲಿ ಯಾರೂ ಎದ್ದು ಹೋಗಬೇಡಿ. ಇದು ಯಾರೋ ಎಲ್ಲೋ ಕೇಳಿಕೊಂಡು ಬಂದು ಹೇಳಿದ್ದಲ್ಲ. ನಮ್ಮ ದೊಡ್ಡಮ್ಮನ ಮಗಳಿಗೆ, ನಮ್ಮ ಅಕ್ಕನಿಗೇ ಆಗಿದ್ದು.

ಅಕ್ಕ ಆಗ ಬ್ರೆಡ್ ಕಾರ್ಖಾನೆಯಲ್ಲಿ ಪ್ಯಾಕಿಂಗ್ ಕೆಲಸಕ್ಕಿದ್ದಳು. ಸಂಜೆ ಪಾಳಿ. ಕೆಲಸ ಮುಗಿಯೋ ಹೊತ್ತಿಗೆ ಬೀದಿಯಲ್ಲಿ ನಾಯಿ ಕೂಡ ಬೊಗಳಿ ಸುಸ್ತಾಗಿ ಮಲಗಿರುತ್ತಿತ್ತು. ಮನೆಗೆ ಬರೋ ದಾರಿಯಲ್ಲಿ, ಗೋದಾಮುಗಳ ಹಿಂದೆ, ಒಂದು ಹಾಳು ಬಾವಿ. ಯಾರೂ ಬೀಳದಿರಲಿ ಅಂತ ಮೇಲೆ ಕಬ್ಬಿಣದ ಜಾಲರಿ ಹಾಕಿದ್ದರು. ಆ ದಾರಿಯಲ್ಲಿ ಅಕ್ಕ ಒಬ್ಬಳೇ ನಡೆಯೋದು ಶುರುವಾಗಿದ್ದು ಚಿಟ್ಟೆ ಹೋದ ಮೇಲೆ.

ಚಿಟ್ಟೆ ಅಂದರೆ ಅಕ್ಕನ ಗೆಳತಿ. ಕಾರ್ಖಾನೆಯಲ್ಲಿ ಪಕ್ಕದ ಮೇಜಿನವಳು. ಒಂದು ಕಡೆ ಕೂರೋ ಜಾತಿಯಲ್ಲ, ಅದಕ್ಕೇ ಆ ಹೆಸರು. ಸ್ವಲ್ಪ ಒಡಕು ದನಿ. ನಕ್ಕರೆ ಕೊನೆಗೊಂದು ಬಿಕ್ಕಳಿಕೆ ಬರಲೇಬೇಕು. ಇಬ್ಬರದೂ ಒಂದೇ ಜೀವ ಅನ್ನೋ ಹಾಗಿದ್ದರು. ಅಂಥವಳು ಕಾರ್ಖಾನೆಗೆ ರಜೆಯಿದ್ದ ಒಂದು ರಾತ್ರಿ ಬಸ್ ನಿಲ್ದಾಣದಲ್ಲಿ, ಹಿಂದಕ್ಕೆ ಬರುತ್ತಿದ್ದ ಬಸ್ಸಿಗೆ ಸಿಕ್ಕಿ ಸತ್ತಳು. ಪಕ್ಕದಲ್ಲಿ ಬಟ್ಟೆ ತುಂಬಿದ ಬ್ಯಾಗು. ಎಲ್ಲಿಗೆ ಹೊರಟಿದ್ದಳು? ಯಾಕೆ? ಅವಳ ಅಮ್ಮನಿಗೂ ಗೊತ್ತಿಲ್ಲ.

"ನಂಗೊಂದು ಮಾತು ಹೇಳದೆ ಹೊರಟಿದ್ದಳಲ್ಲ..." ಸಾವಿಗಿಂತ ಅದೇ ಅಕ್ಕನನ್ನು ಒಳಗೊಳಗೇ ಕೊರೆಯುತ್ತಿತ್ತು.

ಅವಳು ಸತ್ತು ಎಷ್ಟೋ ದಿನದ ಮೇಲೆ, ಒಂದು ರಾತ್ರಿ ಬಾವಿ ದಾಟುವಾಗ ಅಕ್ಕನಿಗೆ ಒಂದು ಸದ್ದು ಕೇಳಿಸಿತು.

ಪರ್ರ್ರ್ರ್...

ನಿಂತಳು. ಗಾಳಿಯಿಲ್ಲ. ಎಲೆ ಅಲ್ಲಾಡುತ್ತಿಲ್ಲ.

ಪರ್ರ್ರ್ರ್... ಟಕ್. ಟಕ್.

ಇಸ್ಪೀಟು ಕಲಸಿ, ಕಟ್ಟನ್ನು ಎರಡು ಸಲ ಮೇಜಿಗೆ ತಟ್ಟಿದ ಸದ್ದು. ಜಾಲರಿಯ ಕೆಳಗಿನಿಂದ. ಅಕ್ಕ ಚಪ್ಪಲಿ ಕೈಗೆ ತೆಗೆದುಕೊಂಡು ಓಡಿದಳು ನೋಡಿ... ಮನೆಯೊಳಗೆ ಬಂದು ಬಾಗಿಲು ಹಾಕಿಕೊಂಡ ಮೇಲೇ ಉಸಿರು ಬಿಟ್ಟಿದ್ದು.

ಯಾಕೆ ಓಡಿದಳು ಅಂತ ಹೇಳಬೇಕು. ಕಾರ್ಖಾನೆಯಲ್ಲಿ ಊಟದ ಬಿಡುವಿಗೆ ಇಸ್ಪೀಟಾಡುವಾಗ, ಎಲೆ ಕಲಸಿ ಎರಡು ಸಲ ತಟ್ಟೋದು ಚಿಟ್ಟೆಯ ಅಭ್ಯಾಸ.

ಭಾವನ ಮನೆಯಲ್ಲಿ ಟಿವಿಗೆ ಹಾಕಿ ಆಡೋ ಒಂದು ವಿಡಿಯೋ ಗೇಮ್ ಇತ್ತು. ಭಾವ ಅಂದರೆ ಅಕ್ಕನ ಗಂಡ, ಲಿಫ್ಟ್ ರಿಪೇರಿ ಮಾಡೋನು. ಹಿರಿಯನಾದರೂ ನಾನು ಅವನಿಗೆ ಬಹುವಚನ ಹಾಕಲ್ಲ, ಯಾಕಂತ ನಿಮಗೇ ಗೊತ್ತಾಗುತ್ತೆ. ಆ ಗೇಮ್ ಏನು ಸಣ್ಣದಲ್ಲ. ಕುದುರೆ, ಕೋಟೆ, ಕತ್ತಿ, ಬೆಂಕಿ ಉಗುಳೋ ಹಾವು, ರಾಜ್ಯ ಉಳಿಸೋ ರಾಜಕುಮಾರ... ಆದರೆ ಅದರೊಳಗೆ ದಾರಿಬದಿಯಲ್ಲೊಂದು ಛತ್ರ. ಛತ್ರದ ಮೂಲೆಯಲ್ಲೊಂದು ಮೇಜು. ಅಲ್ಲಿ ತಲೆ ಮೇಲೆ ನಮ್ಮ ಹೆಸರಿರೋ ಗೊಂಬೆಯನ್ನು ಕೂರಿಸಿ, ಬೇರೆ ಮನೆಯಿಂದ ಆಡೋರ ಜೊತೆ ಇಸ್ಪೀಟು ಆಡಬಹುದು. ಅಕ್ಕನಿಗೂ ಚಿಟ್ಟೆಗೂ ಅಷ್ಟೇ ಸಾಕಾಗಿತ್ತು. ಕಿವಿಗೆ ಹೆಡ್‌ಫೋನ್ ಸಿಕ್ಕಿಸಿ, ಅವಳು ಅವಳ ಕೋಣೆಯಿಂದ, ಇವಳು ಇವಳ ನಡುಮನೆಯಿಂದ, ಹರಟೆ ಹೊಡೀತಾ ಆಡೋದು.

"ಅಲ್ರೇ, ರಾಜ್ಯ ಉರೀತಿದೆ, ನೀವು ಇಸ್ಪೀಟಾಡ್ತಾ ಕೂತಿದೀರಲ್ಲ!" ಅಂತ ಭಾವ ರೇಗಿಸುತ್ತಿದ್ದ.

"ಉರೀಲಿ ಬಿಡಿ ಭಾವ, ನಮ್ಮಪ್ಪನ ಗಂಟೇನು ಹೋಗಲ್ಲ," ಅನ್ನೋಳು ಚಿಟ್ಟೆ. ಅವಳೂ ಅವನನ್ನ ಭಾವ ಅಂತಲೇ ಕರೀತಿದ್ದಳು. ಬನ್ನಿ ಹೋಗಿ ಅಂತ ಮರ್ಯಾದೆ ಬೇರೆ. ಹಿಂದಿನಿಂದ ಮಾತ್ರ, "ನಿನ್ ಗಂಡಂಗೆ ಎಲೆ ಹಿಡಿಯೋಕೂ ಬರಲ್ಲ ಬಿಡೇ" ಅಂತ ಮೂಗು ಮುರಿಯೋಳು. ಭಾವನೂ ಅಷ್ಟೇ, "ಆ ಬಾಯಿಬಡುಕಿ ಜೊತೆ ಅದೇನು ಮಾತಾಡ್ತೀಯೋ" ಅಂತಿದ್ದ. ಇಬ್ಬರಿಗೂ ಎಣ್ಣೆ ಸೀಗೇಕಾಯಿ ಅಂತಲೇ ಅಕ್ಕ ತಿಳಿದಿದ್ದಳು.

ಆ ಆಟದಲ್ಲಿ ಒಂದು ತಮಾಷೆಯ ನಿಯಮ. ಸೋತ ಗೊಂಬೆ ಗೆದ್ದವರ ಮೂಟೆ ಹೊತ್ತು, ಛತ್ರದ ಬಾಗಿಲು ದಾಟಿ ಅವರ ಹಿಂದೆ ಹೋಗಬೇಕು. ಚಿಟ್ಟೆಯ ಮೂಟೆ ಹೊತ್ತೂ ಹೊತ್ತೂ ಅಕ್ಕನ ಗೊಂಬೆಗೆ ಬೆನ್ನು ಬಾಗಿತ್ತು ಅಂತ ನಾವೆಲ್ಲ ನಗ್ತಿದ್ದೆವು.

ಚಿಟ್ಟೆ ಸತ್ತ ಮೇಲೆ ಭಾವ ಆ ಮಿಷನ್ನಿನ ಮೇಲೆ ಟವೆಲ್ ಹೊದಿಸಿಬಿಟ್ಟ. "ನೋಡಿದರೆ ನಿನಗೆ ಅವಳ ನೆನಪಾಗತ್ತೆ, ಬೇಡ" ಅಂದ. ಎಂಥ ಮನಸ್ಸು ಅಂತ ಅಕ್ಕ ಅವನ ಎದೆಗೊರಗಿ ಅತ್ತಿದ್ದಳು.

ಸರಿ. ಬಾವಿಯಿಂದ ಓಡಿಬಂದ ರಾತ್ರಿ. ಯಾವುದೋ ಆಸ್ಪತ್ರೆಯ ಲಿಫ್ಟು ಕೆಟ್ಟಿದೆ ಅಂತ ಭಾವನಿಗೆ ಕರೆ ಬಂದು, ಅವನು ಹೋಗಿದ್ದ. ಅಕ್ಕನಿಗೆ ನಿದ್ದೆ ಹತ್ತಲಿಲ್ಲ. ಭಯ ಒಂದು ಕಡೆ, ಆಸೆ ಒಂದು ಕಡೆ... ಚಿಟ್ಟೆಯ ಗೊಂಬೆಯನ್ನಾದರೂ ಒಂದು ಸಲ ನೋಡೋಣ ಅನಿಸಿತು. ಎದ್ದು ಟವೆಲ್ ತೆಗೆದಳು. ಗುಂಡಿ ಒತ್ತಿದಳು. ಆಟ ಭಾವನ ಹೆಸರಲ್ಲೇ ತೆರೆದುಕೊಂಡಿತು. ಯಾರ ಹೆಸರಾದರೇನು ಅಂತ ಅಕ್ಕ ಭಾವನ ಗೊಂಬೆಯನ್ನೇ ನಡೆಸಿಕೊಂಡು ಛತ್ರದೊಳಗೆ ಹೋದಳು.

ಮೂಲೆಮೇಜು ಖಾಲಿ ಇರಲಿಲ್ಲ.

ಕೆಂಪು ಶಾಲು ಹೊದ್ದ ಗೊಂಬೆ ಕೂತಿತ್ತು. ತಲೆಯ ಮೇಲೆ ಚಿಟ್ಟೆಯ ಹೆಸರು.

ಯಾರೋ ಅವಳ ಹೆಸರಲ್ಲಿ ಆಡ್ತಿದಾರೆ, ಬೈದುಬಿಡೋಣ ಅಂತ ಅಕ್ಕ ಹೆಡ್‌ಫೋನ್ ಹಾಕಿಕೊಂಡಳು. ಸುಯ್ಯ್ ಅಂತ ಗಾಳಿಯ ಸದ್ದು. ಆಮೇಲೆ... ಪರ್ರ್ರ್ರ್. ಟಕ್. ಟಕ್.

ಎಲೆ ಹಂಚಿಕೆಯಾಯಿತು.

"ಬಂದ್ಯಾ..."

ಒಡಕು ದನಿ. ಪಿಸುಮಾತು. ಅಕ್ಕನ ಮೈಮೇಲಿನ ಕೂದಲೆಲ್ಲ ನೆಟ್ಟಗೆ ನಿಂತವು. ಕೈ ತನ್ನಷ್ಟಕ್ಕೆ ಒಂದು ಎಲೆ ಹಾಕಿತು.

"ಎಷ್ಟು ದಿನ ಆಯ್ತು ಕಣೋ..."

ಕಣೋ.

ಕಣೇ ಅಲ್ಲ. ಕಣೋ.

ತಪ್ಪು ಕೇಳಿಸಿತೇನೋ ಅಂದುಕೊಂಡಳು ಅಕ್ಕ. ಆ ಕಡೆಯಿಂದ ಎಲೆ ಬಿತ್ತು. ಪಟ್. ಮತ್ತೆ ಪಿಸುದನಿ.

"ಯಾಕಿಷ್ಟು ತಡ?... ಅವಳು ಮಲಗಿದ್ಲಾ?"

ಅಕ್ಕ ಟಿವಿಯ ಮೇಲೆ ನೋಡಿದಳು. ತನ್ನ ಕಡೆ ಕೂತ ಗೊಂಬೆಯ ತಲೆಯ ಮೇಲೆ ಭಾವನ ಹೆಸರು. ತಾಳಿ ಕಟ್ಟಿಸಿಕೊಂಡ ತಾನೇ ಅವನನ್ನು ಇವತ್ತಿನವರೆಗೆ ಏಕವಚನದಲ್ಲಿ ಕರೆದವಳಲ್ಲ.

"ಕೋಪಾನಾ? ಮಾತಾಡಲ್ವಾ?... ಕೋಪ ಮಾಡ್ಕೋಬೇಕಾದವಳು ನಾನು ಕಣೋ. ಬ್ಯಾಗಿಟ್ಕೊಂಡು ಕೂತೇ ಇದೀನಿ. ಕೊನೇ ಬಸ್ಸೂ ಹೊರಡ್ತಾ ಇದೆ. ಫೋನ್ ಮಾಡಿದ್ರೆ ಎತ್ತಲ್ಲ... ಯಾವ ಲಿಫ್ಟಲ್ಲಿ ಸಿಕ್ಹಾಕೊಂಡೆ?" ನಕ್ಕಳು. ಕೊನೆಗೆ ಬಿಕ್ಕಳಿಕೆ. "ಕಾಲೆಲ್ಲ ತಣ್ಣಗಾಗಿದೆ ಕಣೋ..."

ಚಿಟ್ಟೆ ಸತ್ತ ಆ ರಾತ್ರಿ ಅಕ್ಕನ ಕಣ್ಣ ಮುಂದೆ ಬಂತು. ಭಾವ ಯಾವ ಲಿಫ್ಟಿನಲ್ಲೂ ಇರಲಿಲ್ಲ. ಮನೆಯಲ್ಲೇ ಇದ್ದ. ಹೊಟ್ಟೆ ತುಂಬ ಉಂಡಿದ್ದ. ಮೇಜಿನ ಮೇಲೆ ಅವನ ಫೋನು ಗುಂಯ್... ಗುಂಯ್... ಅಂತ ನಡುಗುತ್ತಲೇ ಇತ್ತು. "ಯಾರ್ರೀ ಅದು?" ಅಂದಿದ್ದಕ್ಕೆ "ಆಫೀಸಿನೋರು, ಬಿಡು" ಅಂತ ಬೋರಲು ಹಾಕಿ, ಗೋಡೆ ಕಡೆ ತಿರುಗಿ ಗೊರಕೆ ಹೊಡೆದಿದ್ದ. ಬೆಳಿಗ್ಗೆ ಸುದ್ದಿ ಬಂದಾಗ ಅಕ್ಕನನ್ನು ಹಿಡಿದುಕೊಂಡು ನೀರು ಕುಡಿಸಿದವನೂ ಅವನೇ.

ಅಕ್ಕ ಆಮೇಲೆ ನಮ್ಮಮ್ಮನ ಹತ್ತಿರ ಹೇಳಿದ್ದು ಇಷ್ಟೇ: "ಚಿಕ್ಕಮ್ಮ, ದೆವ್ವದ ಭಯ ಅಲ್ಲೇ ಸತ್ತೋಯ್ತು. ಯಾರಿಗೆ ಬೈಯಲಿ? ಸತ್ತವಳಿಗಾ? ಇಷ್ಟು ದಿನ ಅವಳಿಗೋಸ್ಕರ ಅತ್ತ ಕಣ್ಣೀರನ್ನ ವಾಪಸ್ ಕೊಡು ಅಂತ ಕೇಳೋ ಹಾಗನಿಸ್ತು."

ಆದರೆ ಅಲ್ಲಿ ಅವಳು ಹೇಳಿದ್ದು ಬೇರೆ. ಗಂಟಲು ಸರಿಮಾಡಿಕೊಂಡು, ಮೆಲ್ಲಗೆ ಅಂದಳು:

"ನಾನು ಕಣೇ."

ಹೆಡ್‌ಫೋನಿನಲ್ಲಿ ಗಾಳಿ ನಿಂತಿತು. ಕೆಂಪು ಶಾಲಿನ ಗೊಂಬೆ ತಲೆಯೆತ್ತಿತು.

"ನೀನಾ..."

"ನಾನೇ. ಯಾಕೆ ಹೀಗೆ ಮಾಡ್ದೆ? ನಾನೇನು ಮಾಡಿದ್ದೆ ನಿಂಗೆ?"

"ನಿಂಗೆ ಎಲ್ಲಾ ಹೇಳಿದೀನಿ ಅಂದಿದ್ದ ಅವನು..." ದನಿ ಇನ್ನಷ್ಟು ಒಡೆಯಿತು. "ನೀನು ಒಪ್ಪಿದೀಯ ಅಂದ. ಹೋಗಿ, ಚೆನ್ನಾಗಿರಿ ಅಂದ್ಯಂತೆ. ಆದ್ರೆ ನನ್ನ ಮುಖ ನೋಡೋಕೆ ನಿಂಗೆ ಕಷ್ಟ ಆಗತ್ತೆ, ಏನೂ ಮಾತೆತ್ತಬೇಡ ಅಂದಿದ್ದ... ಅದಕ್ಕೇ ಹೇಳದೆ ಹೊರಟೆ ಕಣೇ."

"ನಂಗೇನೂ ಗೊತ್ತಿಲ್ಲ. ಇವತ್ತಿನವರೆಗೂ ಗೊತ್ತಿಲ್ಲ."

"ಒಂದು ಮಾತೂ...?"

"ಒಂದು ಮಾತೂ ಇಲ್ಲ."

ಆಮೇಲೆ ಆ ಕಡೆಯಿಂದ ಅಳು ಬರಲಿಲ್ಲ, ಕೂಗು ಬರಲಿಲ್ಲ. ಹಲ್ಲು ಕಡಿದ ಸದ್ದು. ಕರ್ರ್... ಅಷ್ಟೇ. ಅಕ್ಕನಿಗೆ ಅವಳ ಮೇಲಿನ ಸಿಟ್ಟು ಪೂರ್ತಿ ಹೋಗಲಿಲ್ಲ, ಅದನ್ನ ಅಕ್ಕ ಈಗಲೂ ಮುಚ್ಚಿಡಲ್ಲ. ಸುಳ್ಳು ಹೇಳಿದವನು ಮೋಸಗಾರ ಸರಿ, ನಂಬಿದವಳಿಗೆ ಬಂದು ಒಂದು ಸಲ ಕೇಳೋಕೇನಾಗಿತ್ತು? ಆದರೂ ಒಂದೇ ಗುಂಡಿಗೆ ಇಬ್ಬರೂ ಬಿದ್ದಿದ್ದೀವಿ ಅಂತ ಗೊತ್ತಾಯಿತಲ್ಲ.

"ಅವನನ್ನ ಕೂರಿಸು," ಅಂದಳು ಚಿಟ್ಟೆ.

ಅಕ್ಕ ತನ್ನ ಕೈಯಲ್ಲಿದ್ದ ಎಲೆ ನೋಡಿದಳು. ಗೆಲ್ಲೋ ಆಟ. ಎರಡು ತುರುಫು ಇದ್ದವು, ಒಂದು ರಾಜ ಇತ್ತು. ಅವನ್ನೆಲ್ಲ ಒಂದೊಂದಾಗಿ, ಸುಮ್ಮಸುಮ್ಮನೆ ಎಸೆದಳು. ಪಟ್. ಪಟ್. ಪಟ್. ಕೈಯಲ್ಲಿ ಉಳಿದಿದ್ದು ಕೆಲಸಕ್ಕೆ ಬಾರದ ಎರಡು ಸಣ್ಣ ಎಲೆ, ಇನ್ನು ಯಾರು ಕೂತರೂ ಸೋಲೋ ಆಟ.

ಅಷ್ಟರಲ್ಲಿ ಬಾಗಿಲಲ್ಲಿ ಬೀಗದ ಕೈ ತಿರುಗಿತು. ಕಟಕ್.

"ಇನ್ನೂ ಮಲಗಿಲ್ವಾ?" ಅಂದ ಭಾವ, ಕೈಯ ಗ್ರೀಸು ಒರೆಸುತ್ತ. ಟಿವಿ ಓಡ್ತಿರೋದು ನೋಡಿ ಮುಖ ಗಂಟಿಕ್ಕಿದ. "ಅದನ್ನ ಯಾಕೆ ತೆಗೆದೆ? ಬೇಡ ಅಂದಿದ್ನಲ್ಲ."

ಅಕ್ಕ ಎದ್ದು ನಿಂತು ಹೆಡ್‌ಫೋನ್ ಚಾಚಿದಳು. "ನಿಮ್ಮ ಆಟ ಅರ್ಧಕ್ಕೆ ನಿಂತಿದೆಯಂತೆ. ಕೂತ್ಕೊಳ್ಳಿ."

"ಏನಂತೆ? ಯಾರಂತೆ?"

"ಕೂತ್ಕೊಳ್ಳಿ ಅಂದೆ."

ಅವನು ನಗೋಕೆ ಹೋದ. ಟಿವಿ ಕಡೆ ಕಣ್ಣು ಹೋಯಿತು. ಕೆಂಪು ಶಾಲು. ನಗು ಅರ್ಧಕ್ಕೇ ನಿಂತು, ಮುಖ ಹಸಿ ಹಿಟ್ಟಿನ ಹಾಗಾಯಿತು. ಬೇಡ ಬೇಡ ಅಂತಲೇ ಹೆಡ್‌ಫೋನ್ ಹಾಕಿಕೊಂಡ. ಯಾಕೆ ಹಾಕಿಕೊಂಡನೋ ಅವನಿಗೇ ಗೊತ್ತು.

ಅಕ್ಕ ಚಪ್ಪಲಿ ಮೆಟ್ಟಿ ಹೊರಗೆ ಬಂದಳು. ಬಾಗಿಲು ಎಳೆದುಕೊಂಡಳು. ಮೆಟ್ಟಿಲಿಳಿಯುವಾಗ ಒಳಗಿನಿಂದ ಅವನ ದನಿ ಕೇಳುತ್ತಿತ್ತು, ಮಗುವನ್ನು ಸಮಾಧಾನ ಮಾಡೋ ಹಾಗೆ. "ಬರ್ತೀನಿ... ಬರ್ತೀನಿ ಅಂದ್ನಲ್ಲ... ಬರ್ತೀನಿ..."

ನಮ್ಮನೆ ಬಾಗಿಲು ಬಡಿದಾಗ ತೆಗೆದವನು ನಾನೇ. ಅಕ್ಕ ನೇರವಾಗಿ ಅಮ್ಮನ ಪಕ್ಕ ಹೋಗಿ ಮಲಗಿಬಿಟ್ಟಳು. ಬೆಳಗಾಗೋ ಹೊತ್ತಿಗೆ ಅವಳ ಫೋನು ಹೊಡೆದುಕೊಂಡಿತು. ಭಾವನ ನಂಬರು. ಆದರೆ ಮಾತಾಡಿದ್ದು ಯಾವನೋ ಬಸ್ ಕಂಡಕ್ಟರ್. ಅಮ್ಮ ಸ್ಪೀಕರ್ ಹಾಕಿದ್ದರಿಂದ ನಾನೂ ಕೇಳಿಸಿಕೊಂಡೆ.

"ಮೇಡಂ, ಇವರು ನಿಮ್ಮೋರಾ? ಕೊನೇ ಸ್ಟಾಪ್ ಬಂದ್ರೂ ಇಳೀತಾ ಇಲ್ಲ. ಕಣ್ಣು ಬಿಟ್ಕೊಂಡೇ ಇದಾರೆ, ಮಾತಿಲ್ಲ. ಮಡಿಲಲ್ಲಿ ಬಟ್ಟೆ ತುಂಬಿದ ಹೆಂಗಸರ ಬ್ಯಾಗ್ ತಬ್ಕೊಂಡು ಕೂತಿದಾರೆ, ಬಿಡಿಸೋಕೆ ಹೋದ್ರೆ ಬಿಡಲ್ಲ. ಎರಡು ಟಿಕೆಟ್ ತಗೊಂಡಿದ್ರು. ಜೊತೆಲಿದ್ದೋರು ಎಲ್ಲಿ ಇಳಿದ್ರೋ ನಾನು ನೋಡಲಿಲ್ಲ."

ಅಕ್ಕ ಅಮ್ಮನ ಕೈಯಿಂದ ಫೋನ್ ಎತ್ತಿಕೊಂಡಳು. ಆಮೇಲೆ, "ಅವರು ಯಾರೋ ನಂಗೆ ಗೊತ್ತಿಲ್ಲ" ಅಂತ ಫೋನ್ ಇಟ್ಟಳು.

ಮತ್ತೆ ಆ ಮನೆಯ ಹೊಸ್ತಿಲು ತುಳಿಯಲಿಲ್ಲ. ಕಾರ್ಖಾನೆಯಲ್ಲಿ ಹಗಲು ಪಾಳಿ ಕೇಳಿ ತೆಗೆದುಕೊಂಡಳು. ಈಗ ನಗ್ತಾಳೆ, ಉಣ್ತಾಳೆ, ಚೆನ್ನಾಗಿದಾಳೆ. ಯಾರಾದರೂ ಇಸ್ಪೀಟು ತೆಗೆದರೆ ಮಾತ್ರ ಎದ್ದು ಒಳಗೆ ಹೋಗ್ತಾಳೆ.

ಭಾವ? ಅವನಿಗೂ ಏನೂ ಆಗಿಲ್ಲ. ಒಬ್ಬನೇ ಇದಾನೆ, ಅದೇ ಕೆಲಸ. ಹೋದ ತಿಂಗಳು ನಮ್ಮ ಕಟ್ಟಡದ ಲಿಫ್ಟ್ ಕೆಟ್ಟಾಗ ಬಂದಿದ್ದ. ನನ್ನ ನೋಡಿಯೂ ನೋಡದವನ ಹಾಗೆ ಹೋದ. ಬಿಳಿ ಅಂಗಿ, ಈಗಷ್ಟೇ ಅಂಗಡಿಯಿಂದ ತಂದು ಹಾಕಿಕೊಂಡ ಹಾಗಿತ್ತು. ಲಿಫ್ಟಿನೊಳಗೆ ಹೋಗಿ ಬಾಗಿಲು ಹಾಕಿಕೊಂಡ. ಒಬ್ಬನೇ. ನಾನು ಹೊರಗೇ ನಿಂತಿದ್ದೆ, ಬೇರೆ ಯಾರೂ ಒಳಗೆ ಹೋಗಲಿಲ್ಲ. ಬೇಕಾದರೆ ನನ್ನ ತಲೆ ಮುಟ್ಟಿ ಆಣೆ ಮಾಡ್ತೀನಿ, ಸುಳ್ಳು ಹೇಳಿ ನನಗೇನಾಗಬೇಕು?

ಹೊರಗೆ ಬಂದಾಗ ಅವನ ಎಡಭುಜದ ಮೇಲೆ ಅಂಗಿ ಸುಕ್ಕುಸುಕ್ಕಾಗಿತ್ತು. ಅಲ್ಲಿ ಅಂಗೈಯಗಲ ಒಂದು ಕಲೆ. ತಲೆದಿಂಬಿನ ಮೇಲೆ ಆಗುತ್ತಲ್ಲ, ತಲೆಗೂದಲ ಎಣ್ಣೆಯದು, ಅಂಥದ್ದು.

ಇನ್ನೂ ಹಸಿಯಾಗಿತ್ತು.